ಹದಿನೇಳನೆಯ ದನಿ

ಹಾಜರಿ ಚೀಟಿಗೆ ಸಹಿ ಹಾಕಿಸಿಕೊಳ್ಳಲು ಕಿವಿಯಮ್ಮನ ಕೋಣೆಗೆ ಬಂದ ಹೊಸ ದುಭಾಷಿ, ಫೋನ್ ಬಂತೆಂದು ಬಾಗಿಲಲ್ಲೇ ನಿಂತು ತನ್ನ ತಾಯಿಯ ಜೊತೆ ನಾಲ್ಕು ಮಾತಾಡಿದ. ಎರಡನೆಯ ಮಾತಿಗೇ ಕಿವಿಯಮ್ಮನ ಪೆನ್ನು ನಿಂತುಬಿಟ್ಟಿತು. ಆ ಮನುಷ್ಯನನ್ನು ಅವಳು ನೋಡುತ್ತಿರುವುದು ಇದೇ ಮೊದಲು. ದನಿ ಮಾತ್ರ ಅವಳಿಗೆ ಚೆನ್ನಾಗಿ ಗೊತ್ತಿತ್ತು.

ಕಿವಿಯಮ್ಮ ಎಂಬುದು ಕಚೇರಿಯವರು ಇಟ್ಟ ಹೆಸರು. ನದಿಯೊಂದರ ಎರಡೂ ದಡಗಳಲ್ಲಿ ಹರಡಿದ ನಾಡೊಂದರಿಂದ ಓಡಿ ಬಂದು ಆಶ್ರಯ ಬೇಡುವವರ ಮಾತು ಕೇಳಿ, ಯಾರು ಯಾವ ದಡದವರೆಂದು ಹೇಳುವುದು ಅವಳ ಕೆಲಸ. ಎರಡು ದಡದ ಮಾತುಗಳೂ ಅಕ್ಕತಂಗಿ ಭಾಷೆಗಳು. ಮೂಡಣ ದಡದವರು ‘ಪ’ ಎನ್ನುವಲ್ಲೆಲ್ಲ ಪಡುವಣದವರು ‘ಹ’ ಎನ್ನುತ್ತಾರೆ. ಇಂಥ ನಲವತ್ತು ವ್ಯತ್ಯಾಸಗಳ ಪಟ್ಟಿ ಅವಳ ಗೋಡೆಯ ಮೇಲಿತ್ತು. ಪಡುವಣದವರು ಮೂಡಣದವರ ಊರೂರನ್ನೇ ಸುಡುತ್ತಿದ್ದರು. ಹಾಗಾಗಿ ಮೂಡಣದವರಿಗೆ ಆಶ್ರಯ, ಪಡುವಣದವರು ಬಂದರೆ ಪಡುವಣ ದಡಕ್ಕೇ ವಾಪಸ್. ಮುಖ ಕಂಡರೆ ಮನಸ್ಸು ಕರಗೀತೆಂದು ಅವಳಿಗೆ ಮುಖ, ಹೆಸರು ಏನೂ ತೋರಿಸುತ್ತಿರಲಿಲ್ಲ. ಗುಮಾಸ್ತ ಕತ್ತರಿಸಿ ಕಳಿಸಿದ ಹತ್ತು ನಿಮಿಷದ ದನಿ, ಅದರ ಮೇಲೊಂದು ನಂಬರು, ಅಷ್ಟೇ.

“ನೀವು ಯಾವ ದಡದವರು?” ಎಂದು ಕೇಳಿದಳು.

“ಪಡುವಣ, ಮೇಡಂ. ನಿಮಗೂ ಹೇಳ್ಬೇಕಾ?” ಎಂದು ದುಭಾಷಿ ನಕ್ಕ.

ಅವಳು ನಗಲಿಲ್ಲ. ಕಂಪ್ಯೂಟರಿನಲ್ಲಿ ಹದಿನೇಳನೆಯ ದನಿಯನ್ನು ಹುಡುಕಿ ಹಾಕಿದಳು. ‘ನಾನು ಕುಂಬಾರ. ನನ್ನ ತಮ್ಮನನ್ನು ನನ್ನ ಕಣ್ಣೆದುರೇ ಕೊಂದರು...’ ನಲವತ್ತಕ್ಕೆ ನಲವತ್ತೂ ಪಡುವಣದ ಗುರುತು ಸಿಕ್ಕ ದನಿ ಅದು. ‘ಸಂಶಯಕ್ಕೆ ಎಡೆಯೇ ಇಲ್ಲ’ ಎಂದು ವರದಿ ಬರೆದು, ಅಂಥ ಸಲೀಸು ಕೇಸು ಸಿಕ್ಕಿದ್ದಕ್ಕೆ ಅಂದು ಅವಳು ಒಳಗೊಳಗೇ ಬೀಗಿದ್ದಳು.

“ಅಯ್ಯೋ, ಇದು ನಾನಲ್ವಾ?” ಎಂದ ದುಭಾಷಿ. “ಹೇಳಿಕೆ ಬರ್ಕೊಂಡ ಮೇಲೆ ಅವರ ಮುಂದೆ ಓದಿ ಹೇಳ್ಬೇಕಲ್ಲ ಮೇಡಂ, ಸರಿ ಇದ್ಯಾ ಅಂತ. ‘ನಾನು, ನನ್ನ’ ಅಂತಾನೇ ಓದೋದು ರೂಢಿ. ನಂದು ಪಡುವಣದ ಮಾತಾದ್ರೂ ಅವನಿಗೆ ಅರ್ಥ ಆಗುತ್ತೆ. ಪಾಪ, ಕೂತು ತಲೆ ಆಡಿಸ್ತಿದ್ದ.”

ಕಿವಿಯಮ್ಮ ಗುಮಾಸ್ತನಿಗೆ ಫೋನ್ ಮಾಡಿದಳು. ನಂಬರು ಹೇಳಿ, ಆ ದನಿ ಎಲ್ಲಿಂದ ಕತ್ತರಿಸಿದ್ದೆಂದು ಕೇಳಿದಳು.

“ಹದಿನೇಳಾ? ಹ್ಞೂಂ, ಆ ಮನುಷ್ಯ ಬರೀ ಅಳೋದು, ಬಿಕ್ಕೋದು. ಮಧ್ಯೆ ಸಾಹೇಬರ ಪ್ರಶ್ನೆ ಬೇರೆ” ಎಂದ ಗುಮಾಸ್ತ. “ಕೊನೇಲಿ ಒಂದು ಹತ್ತು ನಿಮಿಷ ಚೊಕ್ಕವಾಗಿತ್ತು. ನಿಮಗೆ ಅನುಕೂಲ ಆಗ್ಲಿ ಅಂತ ಅದನ್ನೇ ಕತ್ತರಿಸಿ ಕಳಿಸ್ದೆ.”

ಅವಳು ಫೋನ್ ಇಟ್ಟಳು. ದುಭಾಷಿಯತ್ತ ತಿರುಗಿ ಕೇಳಿದಳು: “ಅವನೀಗ ಎಲ್ಲಿದ್ದಾನೆ?”

“ಹೋದ ವಾರ ವಿಮಾನ ಹತ್ತಿಸಿದ್ರಲ್ಲ, ಪಡುವಣಕ್ಕೆ. ನಾನೇ ಜೊತೆಗಿದ್ದೆ.” ದುಭಾಷಿಗೆ ವಿಷಯ ಇನ್ನೂ ತಲೆಗೆ ಹೋಗಿರಲಿಲ್ಲ, ಸಹಿಯಾಗದ ಚೀಟಿಯನ್ನು ಮೇಜಿನ ಮೇಲೆ ಮೆಲ್ಲನೆ ಮುಂದಕ್ಕೆ ಸರಿಸಿದ. “ಮೆಟ್ಟಿಲ ಹತ್ರ ನನ್ನ ಕೈ ಹಿಡ್ಕೊಂಡು, ನನ್ನ ಮಾತು ಯಾರಾದ್ರೂ ಕೇಳಿದ್ರಾ ಅಂದ. ಕೇಳಿದ್ದಾರಪ್ಪ, ಬಹಳ ತಿಳಿದವರು, ಒಂದಕ್ಷರಾನೂ ಬಿಡದೆ ಕೇಳಿದ್ದಾರೆ ಅಂದೆ. ಹಾಗಾದ್ರೆ ಸರಿ ಅಂತ ಹತ್ತಿದ.”