ಇನ್ನೂರ ನಲವತ್ತನೆಯ ಕಂತು

ನಜೀಹಾ ಸತ್ತ ಗಂಡನ ಸಹಿಯನ್ನು ಮೂರನೆಯ ಸಲ ಹಾಕಿ ನೋಡಿದಳು. ತಿಜಾನಿ ಎಂಬ ಹೆಸರಿನ ಬಾಲ ಈ ಸಲವೂ ಅವನು ಸುತ್ತುತ್ತಿದ್ದ ಹಾಗೆ ಸುತ್ತಿಕೊಳ್ಳಲಿಲ್ಲ.

ಟ್ಯುನೀಷಿಯಾದ ಸ್ಫಾಕ್ಸ್ ಊರಿನ ಬಂದರು ರಸ್ತೆಯಲ್ಲಿ, ಬ್ಯಾಂಕಿನ ಎದುರಿನ ಕಾಫಿ ಅಂಗಡಿಯಲ್ಲಿ ಕೂತಿದ್ದರು. ಪಕ್ಕದಲ್ಲಿದ್ದ ಮುಖ್ತಾರ್, ತಿಜಾನಿಯ ಅಣ್ಣ, ಕುತ್ತಿಗೆ ಚಾಚಿ ನೋಡಿದ.

"ಕೈ ನಡುಗಿಸಬೇಡ ಕಣಮ್ಮ. ಅವನೇನು ಮಂತ್ರಿಯಾ, ಸಹಿ ಅಷ್ಟು ಚೆಂದ ಇರೋಕೆ?"

"ನಡುಗ್ತಿಲ್ಲ ಭಾವ. ಬಾದಾಮಿ ಸುಲಿದೂ ಸುಲಿದೂ ಬೆರಳು ಮರಗಟ್ಟಿದೆ, ಅಷ್ಟೆ."

ಇಪ್ಪತ್ತು ವರ್ಷದ ಸಾಲದ ಕೊನೆಯ ಕಂತು ಅವಳ ಚೀಲದಲ್ಲಿತ್ತು. ಸಂತೋಷವಾಗಬೇಕಿತ್ತು. ಏನೂ ಆಗಲಿಲ್ಲ. ಕಾಫಿಗೆ ಸಕ್ಕರೆ ಹಾಕಿದ್ದಳೋ ಇಲ್ಲವೋ ಅದೂ ಗೊತ್ತಾಗಲಿಲ್ಲ.

ಮನೆಗೆಂದು ಸಾಲ ತೆಗೆದಾಗ ತಿಜಾನಿ ಬಂದರಿನಲ್ಲಿ ಕ್ರೇನ್ ನಡೆಸುತ್ತಿದ್ದ. ಎಪ್ಪತ್ತು ಸಾವಿರ ದಿನಾರ್. ಬ್ಯಾಂಕಿನವರು ಒಂದು ಕಟ್ಟು ಕಾಗದಕ್ಕೆ ಸಹಿ ಮಾಡಿಸಿಕೊಂಡರು, ಡಾಕ್ಟರ ಹತ್ತಿರ ಕಳಿಸಿ ರಕ್ತ, ಮೂತ್ರ ಎಲ್ಲ ಪರೀಕ್ಷೆ ಮಾಡಿಸಿದರು. "ನಾನು ಮನೆ ಕೊಳ್ತಿದೀನೋ, ಇವರು ನನ್ನೇ ಕೊಳ್ತಿದಾರೋ!" ಎಂದು ಅವನು ನಕ್ಕಿದ್ದ. ಆರನೆಯ ವರ್ಷ ತುಂಬಿದಾಗ ಒಂದು ಬುಧವಾರ ಬೆಳಿಗ್ಗೆ ಎದೆ ಹಿಡಿದುಕೊಂಡು ಕುಸಿದ. ಮಧ್ಯಾಹ್ನದ ನಮಾಜು ಮುಗಿಯುತ್ತಲೇ ಮಣ್ಣು ಮಾಡಿದರು.

ಖಬರಸ್ತಾನದಲ್ಲಿ ಮುಖ್ತಾರನೇ ನಿಂತು, ಎಲ್ಲರೂ ಮಾಡುವಂತೆ, ಸತ್ತವನು ಯಾರಿಗಾದರೂ ಬಾಕಿ ಉಳಿಸಿದ್ದರೆ ನಮ್ಮಲ್ಲಿಗೆ ಬನ್ನಿ, ತೀರಿಸುತ್ತೇವೆ ಎಂದು ಕೂಗಿ ಹೇಳಿದ. ದಿನಸಿಯವನು ಬಂದ, ಮೀನಿನವನು ಬಂದ. ಕೊಟ್ಟು ಕಳಿಸಿದರು. ಆಮೇಲೆ ಮುಖ್ತಾರ್ ಅಡುಗೆಮನೆಯ ಬಾಗಿಲಿಗೆ ಬಂದು ದನಿ ತಗ್ಗಿಸಿದ.

"ಬ್ಯಾಂಕಿನವರ ಮುಂದೆ ಮಾತ್ರ ಉಸಿರೆತ್ತಬೇಡ. ಸಂಬಳ ತರೋನು ಹೋದ ಅಂತ ಗೊತ್ತಾದ್ರೆ ನಾಳೇನೇ ಬೀಗ ಜಡೀತಾರೆ. ಸುಮ್ಮನೆ ಕಟ್ಕೊಂಡು ಹೋಗೋಣ. ಸಾಲ ತೀರೋವರೆಗೂ ಅವನ ಜೀವಕ್ಕೂ ಬಿಡುಗಡೆ ಇಲ್ಲ."

ಹಾಗೆ, ಇಡೀ ಬೀದಿಗೆ ಗೊತ್ತಿದ್ದ ಸಾವು ಬ್ಯಾಂಕೊಂದಕ್ಕೆ ಗೊತ್ತಾಗಲಿಲ್ಲ. ಪ್ರತಿ ತಿಂಗಳು ಐನೂರ ತೊಂಬತ್ತು ದಿನಾರ್. ನಜೀಹಾ ಸಾಲಿನಲ್ಲಿ ನಿಂತು ತಿಜಾನಿಯ ಖಾತೆಗೆ ತುಂಬಿ ಬರುತ್ತಿದ್ದಳು. ಅವನ ಪಿಂಚಣಿ ಊಟಕ್ಕೇ ಸಾಲದು. ಮದುವೆ ಮಿಠಾಯಿ ಮಾಡುವವರಿಗೆ ಮೂಟೆಗಟ್ಟಲೆ ಬಾದಾಮಿ ಸುಲಿದಳು. ಮುಖ್ತಾರ್ ತನ್ನ ಹಳೆಯ ಕಾರು ಮಾರಿ ಎರಡು ವರ್ಷ ಅರ್ಧ ಕಂತಿಗೆ ಹೆಗಲು ಕೊಟ್ಟ. ಮಗಳು ಶೀರಾಜ್ ಹದಿನಾರಕ್ಕೆ ಶಾಲೆ ಬಿಟ್ಟು ಚಪ್ಪಲಿ ಕಾರ್ಖಾನೆ ಸೇರಿದಳು. ಅಂಟಿನ ವಾಸನೆಗೆ ಅವಳು ರಾತ್ರಿಯೆಲ್ಲ ಕೆಮ್ಮುತ್ತಿದ್ದಳು. ಕೆಲವು ವರ್ಷವಾದ ಮೇಲೆ ನಜೀಹಾಗೆ ಆ ಕೆಮ್ಮು ಕೇಳಿಸುವುದು ನಿಂತುಹೋಯಿತು.

ಕಾಫಿ ಮುಗಿಸಿ ಬ್ಯಾಂಕಿಗೆ ಬಂದರು. ಕೌಂಟರಿನಲ್ಲಿ ಹೊಸ ಗುಮಾಸ್ತನಿದ್ದ, ವಜ್ದಿ ಅಂತ. ಹುರುಪಿನವನು.

"ಬನ್ನಿ ಹಾಜಾ, ಕೂತ್ಕೊಳ್ಳಿ."

"ಹಾಜಾ ಅನ್ಬೇಡಪ್ಪ. ಕಂತು ಕಟ್ಟೋಳು ಮೆಕ್ಕಾಗೆ ಯಾವಾಗ ಹೋಗಿಬರೋದು?"

ವಜ್ದಿ ನಕ್ಕು ದುಡ್ಡು ಎಣಿಸಿಕೊಂಡ. ಲೆಕ್ಕದ ಹಾಳೆ ತೆಗೆದುಕೊಟ್ಟ. ಎಪ್ಪತ್ತು ಸಾವಿರಕ್ಕೆ ಒಂದು ಲಕ್ಷ ನಲವತ್ತೊಂದು ಸಾವಿರದ ಆರುನೂರು.

"ನಮಗೊಂದು ಮನೆ, ನಿಮಗೊಂದು ಮನೆ," ಎಂದ ಮುಖ್ತಾರ್. "ನಿಮ್ಮದಕ್ಕೆ ಸುಣ್ಣನಾದ್ರೂ ಹೊಡೆಸಿದೀರಾ? ನಮ್ಮದಕ್ಕೆ ಇನ್ನೂ ಆಗಿಲ್ಲ."

"ಬಡ್ಡಿ ಅಂದ್ರೆ ಹಾಗೇ ಸ್ವಾಮಿ. ಇನ್ನು ಅಡಮಾನ ಬಿಡುಗಡೆ ಪತ್ರ ಒಂದೇ. ಅದು ಕೈಗೆ ಬಂದ್ರೆ ಮನೆ ಪೂರ್ತಿ ನಿಮ್ದು."

ನಜೀಹಾ ತಿಜಾನಿಯ ಸಹಿ ಹಾಕಿ ತಂದಿದ್ದ ಬಿಡುಗಡೆ ಅರ್ಜಿಯನ್ನು ಮುಂದಕ್ಕೆ ತಳ್ಳಿದಳು. ವಜ್ದಿ ಅದನ್ನು ಹಾಗೆಯೇ ಹಿಂದಕ್ಕೆ ಸರಿಸಿದ.

"ಇದು ಆಗಲ್ಲ. ಸಾಲಗಾರರು ನನ್ನೆದುರೇ ಸಹಿ ಹಾಕಬೇಕು. ತಿಜಾನಿಯವರು ಎಲ್ಲಿ?"

"ಹುಷಾರಿಲ್ಲ," ಎಂದ ಮುಖ್ತಾರ್, ಥಟ್ಟನೆ. "ಹಾಸಿಗೆ ಬಿಟ್ಟು ಏಳಲ್ಲ."

"ಅಷ್ಟೇ ತಾನೆ? ವಿಳಾಸ ಇಲ್ಲೇ ಇದೆಯಲ್ಲ, ನಮ್ಮಮ್ಮನ ಮನೆ ನಿಮ್ಮ ಬೀದಿ ಹಿಂದೇನೇ ಇರೋದು. ಸಂಜೆ ನಾನೇ ಸಹಿ ಪುಸ್ತಕ ತಗೊಂಡು ಬರ್ತೀನಿ."

"ಮಾತಾಡೋಕೂ ಆಗಲ್ಲಪ್ಪ ಅವನಿಗೆ."

"ಮಾತು ಬೇಡ ಸ್ವಾಮಿ. ಹೆಬ್ಬೆಟ್ಟು ಒತ್ತಿದ್ರೂ ಸಾಕು."

ಮುಖ್ತಾರ್ ಮೇಜಿನ ಕೆಳಗೆ ಅವಳ ಕಾಲು ತುಳಿದ. ಇನ್ನೊಂದು ಸುಳ್ಳು ಬೇಕಿತ್ತು. ನಜೀಹಾ ಹುಡುಕಿದಳು. ಹದಿನಾಲ್ಕು ವರ್ಷಕ್ಕಾಗುವಷ್ಟಿದ್ದ ಸುಳ್ಳು ಖಾಲಿಯಾಗಿತ್ತು.

"ಅವರು ಸತ್ತು ಹದಿನಾಲ್ಕು ವರ್ಷ ಆಯ್ತು. ನಿಮ್ಗೆ ಹೇಳ್ಲಿಲ್ಲ. ನಿಮ್ಮ ದುಡ್ಡು ಒಂದು ಪೈಸೆ ಬಿಡದೆ ಕಟ್ಟಿದೀನಿ. ಮನೆ ತಗೊಳ್ಳೋದಾದ್ರೆ ತಗೊಳ್ಳಿ."

ಹೇಳಿದ ಮೇಲೆ ಹೆದರಿಕೆಯಾಗಬಹುದೆಂದು ಕಾದಳು. ಆಗಲಿಲ್ಲ. ಪಕ್ಕದ ಕೌಂಟರಿನಲ್ಲಿ ಯಾರೋ ಚಿಲ್ಲರೆಗೆ ಜಗಳವಾಡುತ್ತಿದ್ದರು.

ವಜ್ದಿ ಎದ್ದು ಒಳಗೆ ಹೋದ. ಪೊಲೀಸರಿಗೆ ಫೋನ್ ಮಾಡಲು ಹೋದ ಎಂದು ಮುಖ್ತಾರ್ ಪಿಸುಗುಟ್ಟಿದ, "ಈಗ್ಲೇ ಏಳು, ಹೋಗ್ಬಿಡೋಣ" ಎಂದ. ಅವಳು ಏಳಲಿಲ್ಲ. ಇಪ್ಪತ್ತು ನಿಮಿಷದ ಮೇಲೆ ವಜ್ದಿ ಧೂಳು ಹಿಡಿದ ಕಡತವೊಂದನ್ನು ಓದುತ್ತಲೇ ಬಂದು ಕೂತ. ತಲೆ ಎತ್ತಲಿಲ್ಲ.

"ಮನೆ ತಗೊಳ್ತೀವಿ ಅಂತ ನಿಮ್ಗೆ ಯಾರು ಹೇಳಿದ್ದು?"

"ಯಾರು ಹೇಳ್ಬೇಕು?" ಎಂದ ಮುಖ್ತಾರ್. "ಎಲ್ಲರಿಗೂ ಗೊತ್ತಿರೋದೇ ಅಲ್ವಾ?"

ವಜ್ದಿ ಕಡತವನ್ನು ಅವರ ಕಡೆ ತಿರುಗಿಸಿ, ಒಂದು ಸಾಲಿನ ಕೆಳಗೆ ಬೆರಳಿಟ್ಟ.

"ಈ ಸಾಲದ ಜೊತೆ ಜೀವವಿಮೆ ಇತ್ತಮ್ಮ. ಸಾವಿನ ದಾಖಲೆ ಒಂದನ್ನ ಅವತ್ತೇ ತಂದುಕೊಟ್ಟಿದ್ರೆ, ಉಳಿದ ಸಾಲವೆಲ್ಲ ವಿಮೆಯವರೇ ತೀರಿಸ್ತಿದ್ರು, ನೀವು ಮುಂದೆ ಒಂದು ದಿನಾರೂ ಕಟ್ಟಬೇಕಿರಲಿಲ್ಲ. ಆ ವಿಮೆಗೇ ಅಂತ ಪ್ರತಿ ಕಂತಿನಲ್ಲೂ ಹತ್ತೊಂಬತ್ತು ದಿನಾರ್ ಕಟ್ಕೊಂಡು ಬಂದಿದೀರಿ. ಇವತ್ತೂ ಕಟ್ಟಿದೀರಿ."