ನೆಲದ ಬಾಗಿಲು

ನಡೆದಾಡುವ ಹೆಣದಂಥ ಜಾಂಬಿ, ನೆಲದಲ್ಲಿ ತೆರೆದಿದ್ದ ಬಾಗಿಲ ಅಂಚಿಗೆ ಬಂದು, ಮುಂದೆ ನೆಲವೇ ಇದೆಯೆಂಬ ಧೈರ್ಯದಲ್ಲಿ ಕಾಲಿಟ್ಟಿತು. ಮರುಕ್ಷಣ ಅದು ಅಲ್ಲಿರಲಿಲ್ಲ. ಎಷ್ಟೋ ಹೊತ್ತಿಗೆ ಕೆಳಗೆ ಧೊಪ್ಪೆಂದಿತು.

"ಬಿತ್ತು!" ಮಗಳು ಕುರ್ಚಿಯಲ್ಲೇ ಕುಣಿದಳು. ಚೌಕ ಚೌಕದ ಕಲ್ಲು ಪೇರಿಸಿ ಬದುಕು ಕಟ್ಟುವ ಆ ಕಂಪ್ಯೂಟರ್ ಆಟದಲ್ಲಿ ಅವಳು ಮೂರು ದಿನ ಕೂತು ರಾಕ್ಷಸರನ್ನು ಹುಟ್ಟಿಸಿ ಬೀಳಿಸಿ ಕೊಲ್ಲುವ 'ಫಾರ್ಮ್' ಕಟ್ಟಿದ್ದಳು. ಮೇಲೆ ಅವು ಹುಟ್ಟುವ ಕತ್ತಲೆ ಕೋಣೆ, ಕೆಳಗೆ ಬಾವಿಯಂಥ ಆಳ. "ನೆಲದ ಬಾಗಿಲು ತೆರೆದಿದ್ರೂ ಈ ಪೆದ್ದುಗಳಿಗೆ ಗೊತ್ತಾಗಲ್ಲ ಅಪ್ಪ. ನೆಲ ಇದೆ ಅಂದ್ಕೊಂಡೇ ಕಾಲಿಡ್ತವೆ. ಹೇಗಿದೆ ನನ್ನ ತಲೆ?"

ಅಪ್ಪನ ಕೈ ತಾನಾಗಿಯೇ ಚಾಚಿ, ಪರದೆಯ ಮೇಲೆ ಆ ಅಂಚಿಗೆ ಅಡ್ಡ ನಿಂತಿತ್ತು. ಲಿಫ್ಟ್ ರಿಪೇರಿಯ ಕೈ. ಎಷ್ಟು ತಿಕ್ಕಿದರೂ ಉಗುರಿನ ಸಂದಿಯ ಗ್ರೀಸು ಹೋಗದು. ಹೋದ ವರ್ಷ, ಎರಡೇ ನಿಮಿಷದ ಕೆಲಸವಲ್ಲವೇ ಎಂದು, 'ರಿಪೇರಿ ನಡೆಯುತ್ತಿದೆ' ಎಂಬ ಬೋರ್ಡನ್ನು ಅಡ್ಡ ಕಟ್ಟದೆ ಚೀಲದಲ್ಲೇ ಬಿಟ್ಟು, ಐದನೇ ಮಹಡಿಯ ಲಿಫ್ಟ್ ಬಾಗಿಲು ತೆರೆದಿಟ್ಟು ಮೇಲಕ್ಕೆ ಹೋಗಿದ್ದ. ಅಂಚೆಯವನು ಕೈಯಲ್ಲಿದ್ದ ಕಾಗದಗಳನ್ನು ಜೋಡಿಸಿಕೊಳ್ಳುತ್ತಲೇ, ಲಿಫ್ಟ್ ಬಂದು ನಿಂತಿದೆಯೆಂದು ಒಳಗೆ ಕಾಲಿಟ್ಟಿದ್ದ. ಇದೇ ಸದ್ದು ಕೇಳಿತ್ತು.

ಪರದೆಯಲ್ಲಿ ಇನ್ನೊಂದು ಜಾಂಬಿ ಅಂಚಿನತ್ತ ಬರುತ್ತಿತ್ತು.

"ಕೈ ತೆಗಿ ಅಪ್ಪ, ಏನೂ ಕಾಣ್ತಿಲ್ಲ."

"ಅಲ್ಲೊಂದು ಬೋರ್ಡ್ ಹಾಕೋಕಾಗುತ್ತಾ, ಮಗಳೇ?"

ಅವಳು ಬಿದ್ದು ಬಿದ್ದು ನಕ್ಕಳು. "ಅಯ್ಯೋ, ಅವಕ್ಕೆ ಓದೋಕೆ ಬರುತ್ತಾ ಅಪ್ಪ?"

ಅವನು ಕೈ ತೆಗೆಯಲಿಲ್ಲ.

"ಅವನಿಗೆ ಬರ್ತಿತ್ತು," ಎಂದ.