ಮಾಸ್ತರರ ಮೆಚ್ಚಿನ ಶಬ್ದ

"ಥೈಸಿಸ್," ಎಂದರು ಶಿರಸಿಯ ಡಾಕ್ಟರು. ಎದುರಿಗೆ ಕೂತ ಗುರುಶಾಂತವ್ವನಿಗೆ ತಿಳಿಯದಿರಲೆಂದೇ ಅವಳ ಗಂಡನಿಗೆ ಇಂಗ್ಲಿಷಿನಲ್ಲಿ ಹೇಳಿದ್ದು. ಶಿವಪುತ್ರಪ್ಪ ಮಾಸ್ತರರಿಗೆ ಆ ಶಬ್ದ ಹೊಸದಲ್ಲ. ಬನವಾಸಿಯ ಮನೆಯ ಪಡಸಾಲೆಯಲ್ಲಿ ಹುಡುಗರನ್ನು ಕೂಡಿಸಿಕೊಂಡು ಯಾರೂ ಕೇಳದ ಇಂಗ್ಲಿಷ್ ಶಬ್ದಗಳನ್ನು ಬಾಯಿಪಾಠ ಮಾಡಿಸುವುದೇ ಅವರ ಹುಚ್ಚು. ಅದರಲ್ಲೂ ಇದು ಅವರ ಮೆಚ್ಚಿನದು. ಬರೆಯುವಾಗ ಮೊದಲಿಗೆ ಪಿ, ಎಚ್ ಬರುತ್ತವೆ, ಓದುವಾಗ ಅವೆರಡೂ ಮಾಯ. ತಪ್ಪು ಉಚ್ಚರಿಸಿದವನ ಕಿವಿ ಹಿಂಡದೆ ಬಿಟ್ಟವರೇ ಅಲ್ಲ.

ದವಾಖಾನೆಯ ಹೊರಗೆ ಬೆಂಚಿನ ಮೇಲೆ ಮಾಸ್ತರರು ಕೂತರು, ಎದ್ದರು, ಮತ್ತೆ ಕೂತರು. ಮಳೆಯಿಲ್ಲದಿದ್ದರೂ ಕೊಡೆ ಬಿಚ್ಚಿದರು, ಮಡಚಿದರು.

"ಏನಂದ್ರು?"

"ಏನಿಲ್ಲ. ನೆಗಡಿ ಎದೀಗೆ ಇಳದೈತಂತ. ಕಷಾಯ ಕುಡದ್ರ ಹೋಗ್ತೈತಿ."

ಗುರುಶಾಂತವ್ವ ಅವರ ಕೈಯಿಂದ ಕೊಡೆ ತೆಗೆದುಕೊಂಡು ಇಬ್ಬರ ನಡುವೆ ಬೆಂಚಿನ ಮೇಲೆ ಅಡ್ಡ ಇಟ್ಟಳು. ಸೆರಗಿನಿಂದ ಬಾಯಿ ಮುಚ್ಚಿಕೊಂಡು, "ಇನ್ನ ಇದನ್ನ ದಾಟಿ ಬರಬ್ಯಾಡ್ರಿ," ಎಂದಳು. "ಥೈಸಿಸ್ ಅಂದ್ರ ಕ್ಷಯ. ನೀವು ಪಡಸಾಲ್ಯಾಗ ಹುಡುಗರಿಗೆ ಹೇಳಿಕೊಡುವಾಗ ನಾ ಒಳಗ ಅಕ್ಕಿ ಹಸನ ಮಾಡ್ತಿದ್ದೆ."

ಮಾಸ್ತರರ ಕಿವಿ ಅಭ್ಯಾಸಬಲದಿಂದ ತಪ್ಪು ಹುಡುಕಿತು. ಉಚ್ಚಾರದಲ್ಲಿ ತಿದ್ದುವಂಥದ್ದು ಏನೂ ಇರಲಿಲ್ಲ.